ಕುವೈತಿನಲ್ಲಿ ಕೇಳಿದ ಬೂತಾಯಿ ಕ್ಲಬ್ಬಿನ ಚರಿತ್ರೆ

ಕುವೈತಿನಿಂದ ಮರಳಿದ ಮೇಲೆ ಸಿಕ್ಕಿದವರೆಲ್ಲ ಒಂದೇ ಪ್ರಶ್ನೆ ಕೇಳುತ್ತಿದ್ದಾರೆ. ಸಮುದ್ರದ ದಂಡೆಯ ಆ ನೀಲಿ ಗೋಪುರಗಳನ್ನು ನೋಡಿದಿರಾ ಟೀಚರ್? ನೋಡಿದೆ, ಕಾರಿನ ಕಿಟಕಿಯಿಂದ, ಧೂಳಿನ ನಡುವೆ. ಆದರೆ ಅಲ್ಲಿದ್ದಷ್ಟು ದಿನವೂ ನಾನು ತಲೆಕೆಡಿಸಿಕೊಂಡದ್ದು ಸ್ಪೇನ್ ದೇಶದ ಒಂದು ಸಣ್ಣ ಊರಿನ ಫುಟ್ಬಾಲ್ ಕ್ಲಬ್ಬಿನ ಚರಿತ್ರೆಯ ಬಗ್ಗೆ. ಹೈಸ್ಕೂಲಿನಲ್ಲಿ ಸಮಾಜ ಪಾಠ ಮಾಡಿ ನಿವೃತ್ತಳಾದವಳು ನಾನು. ಚರಿತ್ರೆ ಎಂದರೆ ಕಿವಿ ನೆಟ್ಟಗಾಗುತ್ತದೆ. ಹೇಳುವವನ ಮೇಲೆ ಅನುಮಾನವಿದ್ದರಂತೂ ಇನ್ನೂ ಚೆನ್ನಾಗಿ ಕೇಳಿಸುತ್ತದೆ.

ಹೇಳಿದವನ ಹೆಸರು ರಾಮೋನ್. ಕುವೈತಿನ ಆಸ್ಪತ್ರೆಯೊಂದರಲ್ಲಿ ಬಹಳ ವರ್ಷಗಳಿಂದ ನರ್ಸ್ ಆಗಿರುವ ನನ್ನ ತಂಗಿ ಜೆಸಿಂತಾ ಈ ಸ್ಪೇನಿನವನನ್ನು ಮದುವೆಯಾಗಬೇಕೆಂದಿದ್ದಳು. ಅವಳಿಗೆ ಐವತ್ತು ಹತ್ತಿರ. ಅವನಿಗೆ ಅದಕ್ಕಿಂತ ಸ್ವಲ್ಪ ಹೆಚ್ಚು. ಹೆಂಡತಿ ತೀರಿಹೋಗಿದ್ದಾಳೆ, ಮಕ್ಕಳಿಲ್ಲ ಎಂದು ಹೇಳಿಕೆ. ಅಮ್ಮ ಹೋದಾಗ ಜೆಸ್ಸಿ ಇನ್ನೂ ಫ್ರಾಕ್ ಹಾಕುವವಳು. ಬೆಳೆಸಿದ್ದು ನಾನು. "ಅಕ್ಕ, ನೀನು ಒಮ್ಮೆ ಬಂದು ನೋಡು, ಮತ್ತೆ ಹೇಳು," ಎಂದು ಟಿಕೆಟ್ ಕಳಿಸಿದಳು. ನಮ್ಮದು ಕೊಂಕಣಿ ಮನೆಮಾತು. ಇಲ್ಲಿ ಓದುವವರಿಗಾಗಿ ಕನ್ನಡ ಮಾಡಿ ಬರೆದಿದ್ದೇನೆ.

ಮಂಗಫ್

ವಿಮಾನ ನಿಲ್ದಾಣಕ್ಕೆ ಜೆಸ್ಸಿ ಒಬ್ಬಳೇ ಬಂದಿದ್ದಳು. ಅದೇ ಮೊದಲ ಅನುಮಾನ. ಹುಡುಗಿಯ ಅಕ್ಕ ಸಮುದ್ರ ದಾಟಿ ಬರುವಾಗ ಗಂಡಾದವನು ಎದುರುಗೊಳ್ಳಲು ಬರಬೇಡವೇ?

"ಅವನಿಗೆ ಡ್ಯೂಟಿ ಉಂಟು ಅಕ್ಕ. ಮೀನಾ ಅಬ್ದುಲ್ಲಾದ ರಿಫೈನರಿಯಲ್ಲಿ ಈಗ ರಿಪೇರಿ ಕೆಲಸ. ಪೈಪು ಪರೀಕ್ಷೆ ಮಾಡುವವ ಅವನೇ."

"ಹೌದೋ? ನೀನು ಕಣ್ಣಾರೆ ನೋಡಿದ್ದೀಯಾ, ಅವನು ಪೈಪು ಪರೀಕ್ಷೆ ಮಾಡುವುದನ್ನು?"

ಜೆಸ್ಸಿ ನಕ್ಕು ಗಾಡಿ ಓಡಿಸಿದಳು.

ಮಂಗಫಿನ ಅವಳ ಫ್ಲ್ಯಾಟು ನಾಲ್ಕನೆಯ ಮಹಡಿಯಲ್ಲಿ. ಕೆಳಗೆ ಬೆಳಗಾಗುವ ಮೊದಲೇ ಕಂಪೆನಿ ಬಸ್ಸುಗಳು ಸಾಲುಗಟ್ಟಿ ನಿಂತು, ಬುತ್ತಿ ಹಿಡಿದ ಗಂಡಸರನ್ನು ತುಂಬಿಕೊಂಡು ಹೋಗುತ್ತವೆ. ಯಾರೂ ಮಾತನಾಡುವುದಿಲ್ಲ. ನಮ್ಮಲ್ಲಿ ಬಸ್ಸು ಹತ್ತುವಾಗ ಆಗುವ ಜಗಳದಲ್ಲಿ ಹತ್ತರಲ್ಲೊಂದು ಪಾಲು ಕೂಡ ಅಲ್ಲಿಲ್ಲ. ಪಕ್ಕದ ಮನೆ ಮೈಸೂರು ಕಡೆಯ ಬ್ಯಾಂಕ್ ಕೆಲಸದವರದು. ಅವರ ಪುಟ್ಟ ಮಗಳನ್ನು ಲಿಫ್ಟಿನಲ್ಲಿ "ಊಟ ಆಯ್ತಾ ಮಗಾ?" ಎಂದು ಕೇಳಿದೆ. "ಯೆಸ್ ಆಂಟಿ, ಬಟ್ ನಾಟ್ ಫುಲ್ಲಿ," ಎಂದಿತು. ಅರ್ಧ ಊಟ ಹೇಗೆ ಆಗುತ್ತದೆ ಎಂದು ನಾಲ್ಕು ಮಹಡಿಯೂ ಯೋಚಿಸಿದೆ.

ಜೆಸ್ಸಿಯ ಅಡುಗೆಮನೆಯ ಮೇಜಿನ ಮೇಲೆ ಹಸಿರು ಕಪ್ಪು ಪಟ್ಟೆಯ ಒಂದು ಲೋಟವಿತ್ತು. ಮೇಲೊಂದು ಮೀನಿನ ಚಿತ್ರ. ಏನಿದು ಎಂದೆ.

"ರಾಮೋನಿನ ಕ್ಲಬ್ಬಿನದ್ದು. ಊರಿಡೀ ಡಬ್ಬಿ ಮೀನಿನ ಕೆಲಸ ಅಲ್ಲಿ, ಅದಕ್ಕೆ ಟೀಮಿಗೆ ಬೂತಾಯಿ ಅಂತ ಅಡ್ಡಹೆಸರು."

ಬೂತಾಯಿ ನಮ್ಮ ಕರಾವಳಿಯ ಬಡವರ ಮೀನು. ಅದರ ಹೆಸರಿನಲ್ಲಿ ಟೀಮು ಕಟ್ಟಿ, ಅದರ ಚಿತ್ರವನ್ನು ಲೋಟದ ಮೇಲೆ ಹಾಕಿ, ಇನ್ನೊಬ್ಬಳ ಅಡುಗೆಮನೆಯಲ್ಲಿ ತಂದಿಡುವವನು ಸಾಮಾನ್ಯ ಆಸಾಮಿಯಲ್ಲ ಎಂದುಕೊಂಡೆ.

ಫಹಾಹೀಲ್ ಮೀನುಪೇಟೆ

ಅವನನ್ನು ಮೊದಲು ನೋಡಿದ್ದು ಮೀನಿನ ಮಧ್ಯೆ. ತಲೆ ಬೋಳು, ಮೀಸೆ ದಪ್ಪ, ಅಂಗಿ ಇಸ್ತ್ರಿ ಮಾಡಿದ್ದು. ನನ್ನ ಕೈಕುಲುಕುವ ಮೊದಲು ತನ್ನ ಕೈಯನ್ನು ಪ್ಯಾಂಟಿಗೆ ಒರೆಸಿಕೊಂಡ. ಅಷ್ಟು ಒಳ್ಳೆಯ ನಡತೆ ಕಂಡರೆ ನನಗೆ ಹೆದರಿಕೆ.

ಮೀನುಪೇಟೆ ಏನೋ ಬಲು ಚೊಕ್ಕ. ನೆಲ ಒಣಗಿದೆ, ನೊಣವಿಲ್ಲ, ಮೀನುಗಾರ್ತಿಯರಿಲ್ಲ. ಬೈಗುಳವಿಲ್ಲದ ಮೀನುಪೇಟೆಯಲ್ಲಿ ಮೀನು ತಾಜಾ ಎಂದು ನಂಬುವುದು ಹೇಗೆ? ನಾನು ಒಂದು ಅಂಜಲ್ ಮೀನಿನ ಕಿವಿರು ಎತ್ತಿ ನೋಡಿದೆ. ಅಂಗಡಿಯವನು "ಫ್ರೆಶ್ ಮಾಮಾ, ಫ್ರೆಶ್" ಎಂದ. ಅಲ್ಲಿ ವಯಸ್ಸಾದ ಹೆಂಗಸರನ್ನು ಮಾಮಾ ಎಂದೇ ಕರೆಯುವುದು. ಆಗಲೇ ರಾಮೋನ್ ಬಗ್ಗಿ, ಅದೇ ಮೀನಿನ ಕಣ್ಣು ಒತ್ತಿ, ಬೇಡವೆಂದು ನನಗೆ ಕಣ್ಣಲ್ಲೇ ಹೇಳಿದ. ಅವನು ಹೇಳಿದ್ದು ಸರಿಯಿತ್ತು. ಅದೂ ನನಗೆ ಹಿಡಿಸಲಿಲ್ಲ.

ಅವನ ಇಂಗ್ಲಿಷಿನಲ್ಲಿ ಅರಬ್ಬಿಯೂ ಹಿಂದಿಯೂ ಸೇರಿಕೊಂಡಿದ್ದವು. ಚಹಾ ಕುಡಿಯುತ್ತಾ, ಕೇಳದೆಯೇ ಶುರುಮಾಡಿದ.

"ಟೀಚರ್, ನೀವು ಹಿಸ್ಟರಿ ಟೀಚರ್ ಅಂತ ಜೆಸ್ಸಿ ಹೇಳಿದಳು. ನಮ್ಮ ಕ್ಲಬ್ಬಿನ ಹಿಸ್ಟರಿ ಹೇಳುತ್ತೇನೆ ಕೇಳಿ."

ಕೆಟ್ಟುಹೋದ ಹಡಗು ಸರಿಯಾಗುವ ತನಕ ಅವನ ಊರಿನಲ್ಲಿ ತಂಗಿದ್ದ ಇಂಗ್ಲಿಷ್ ನಾವಿಕರು ಹೋಗುವಾಗ ಒಂದು ಚೆಂಡು ಬಿಟ್ಟುಹೋದರಂತೆ. ಮೀನು ಡಬ್ಬಿಗೆ ತುಂಬುವ ಕಾರ್ಖಾನೆಯ ಹುಡುಗರು ಅದನ್ನು ಒದೆಯಲು ಕಲಿತರು. ಮೈದಾನವಿರಲಿಲ್ಲ, ಬಲೆ ಒಣಗಿಸುವ ಜಾಗದಲ್ಲಿ ಆಟ. ಬಲೆ ಹೆಣೆಯುವ ಹೆಂಗಸರು ವಾರದ ದಿನ ಜಾಗ ಬಿಡಲಿಲ್ಲ, ಹಾಗಾಗಿ ಭಾನುವಾರ. ಹುಡುಗರು ಸಂಜೆ ಪ್ರಾರ್ಥನೆಗೆ ಬರುತ್ತಿಲ್ಲವೆಂದು ಪಾದ್ರಿ ಗಲಾಟೆ ಮಾಡಿದರು. ಬಾಯಿ ಮುಚ್ಚಿಸಲು ಅವರನ್ನೇ ಅಧ್ಯಕ್ಷರನ್ನಾಗಿ ಮಾಡಿದರಂತೆ. ಆಮೇಲೆ ಪ್ರಾರ್ಥನೆಯ ಹೊತ್ತೇ ಬದಲಾಯಿತು.

ಪಾದ್ರಿಯ ಕಥೆ ಮಾತ್ರ ನಂಬಿದೆ. ನಮ್ಮ ಶಿರ್ವದ ಕಡೆ ಹೀಗೆ ಅಧ್ಯಕ್ಷರಾದವರನ್ನು ಬೇಕಾದಷ್ಟು ಕಂಡಿದ್ದೇನೆ.

"ಕ್ಲಬ್ಬಿಗೆ ಎಷ್ಟು ವರ್ಷವಾಯಿತು?" ಎಂದು ಕೇಳಿದೆ.

"ನನ್ನ ಅಜ್ಜ ಆಡಿದ ಕ್ಲಬ್, ಟೀಚರ್. ನೂರರ ಹತ್ತಿರ."

ಮನಸ್ಸಿನಲ್ಲಿ ಗುರುತು ಹಾಕಿಕೊಂಡೆ. ಮನೆಗೆ ಬರುವಾಗ ಜೆಸ್ಸಿ ಕೇಳಿದಳು, "ಹೇಗೆ ಅಕ್ಕ?"

"ಕ್ಲಬ್ಬಿನ ಬಗ್ಗೆ ಎಲ್ಲ ಹೇಳಿದ. ತನ್ನ ಬಗ್ಗೆ ಎಂತ ಹೇಳಿದ?"

"ಅದೇ ಅವನ ಬಗ್ಗೆ ಅಕ್ಕ."

ಶುವೈಖ್

ಜೆಸ್ಸಿಯ ಕಾರಿನ ಏಸಿ ಕೆಟ್ಟಿತು. ಏಪ್ರಿಲ್ ಕೊನೆಯ ಕುವೈತಿನಲ್ಲಿ ಏಸಿಯಿಲ್ಲದ ಕಾರೆಂದರೆ ಅವನ ಊರಿನ ಮೀನು ಡಬ್ಬಿಯೇ. ಜೆಸ್ಸಿಗೆ ಡ್ಯೂಟಿ ಇತ್ತು. ರಾಮೋನ್ ರಜೆ ಹಾಕಿ ಗಾಡಿಯನ್ನು ಶುವೈಖ್ ಇಂಡಸ್ಟ್ರಿಯಲ್ ಏರಿಯಾಕ್ಕೆ ಒಯ್ಯುತ್ತೇನೆಂದ. ನಾನೂ ಬರುತ್ತೇನೆಂದೆ. ಒಬ್ಬನೇ ಸಿಗುವುದು ಯಾವಾಗ?

ಶುವೈಖಿನಲ್ಲಿ ಸೂಜಿಯಿಂದ ಲಾರಿಯ ತನಕ ಎಲ್ಲ ರಿಪೇರಿಯಾಗುತ್ತದೆ. ಬೀದಿಗೆ ಬೀದಿಯೇ ಟಯರು, ಮುಂದಿನ ಬೀದಿಯಿಡೀ ಗಾಜು. ನಾವು ಹೋದ ಗ್ಯಾರೇಜಿನ ಇಬ್ರಾಹಿಂ ಉಪ್ಪಿನಂಗಡಿಯವನು. ನನ್ನ ಸೀರೆಯ ಒಂದು ತುದಿ ಕಾರಿನ ಬಾಗಿಲಿಗೆ ಸಿಕ್ಕಿ, ಗ್ರೀಸು ಹತ್ತಿ, ನಾನು ಸಿಡುಕುತ್ತಿರುವಾಗ ಅವನು ಪ್ಲಾಸ್ಟಿಕ್ ಕುರ್ಚಿ, ಫ್ಯಾನು, ಸುಲೈಮಾನಿ ಚಹಾ ಎಲ್ಲ ತಂದಿಟ್ಟ. "ಕೂತುಕೊಳ್ಳಿ ಟೀಚರೇ, ಒಂದು ಗಂಟೆಯಲ್ಲಿ ಖಲಾಸ್." ಮಧ್ಯಾಹ್ನದ ತನಕ ಕೂತೆವು.

ರಾಮೋನ್ ಬಿಟ್ಟಲ್ಲಿಂದ ಹಿಡಿದ. ಅವರ ದೇಶದಲ್ಲಿ ಅಂತರ್ಯುದ್ಧ ಮುಗಿದು ಸರ್ವಾಧಿಕಾರಿ ಬಂದ ಮೇಲೆ ಪರದೇಶದ ಹೆಸರುಗಳು ಕೂಡದೆಂದಾಯಿತಂತೆ. ಕ್ಲಬ್ಬಿನ ಇಂಗ್ಲಿಷ್ ಹೆಸರು ಹೋಗಿ ಸ್ಪ್ಯಾನಿಷ್ ಹೆಸರು ಬಂತು. ಡಬ್ಬಿಗೆ ಬಳಿಯುವ ಬಣ್ಣ ಪುಕ್ಕಟೆ ಸಿಗುತ್ತಿತ್ತು, ಅದಕ್ಕೇ ಅಂಗಿ ಹಸಿರು ಕಪ್ಪು. ಒಂದೇ ಒಂದು ವರ್ಷ ಎರಡನೆಯ ದರ್ಜೆಗೆ ಏರಿ, ರಾಜಧಾನಿಯ ದೊಡ್ಡ ಟೀಮನ್ನು ತಮ್ಮ ಮಣ್ಣಿನಲ್ಲಿ ಸೋಲಿಸಿದರಂತೆ.

ಯಾವ ಸಣ್ಣ ಕ್ಲಬ್ಬನ್ನು ಕೇಳಿದರೂ ಒಮ್ಮೆ ದೊಡ್ಡವರನ್ನು ಸೋಲಿಸಿಯೇ ಇರುತ್ತದೆ. ನಾನು ಹೂಂಗುಟ್ಟಿದೆ.

"ಈ ಸಲ ಹದಿನೈದನೆಯ ವಾರ್ಷಿಕೋತ್ಸವ, ಟೀಚರ್. ದೊಡ್ಡ ಹಬ್ಬ."

ಸಿಕ್ಕಿಬಿದ್ದ! "ಮೊನ್ನೆ ನೂರರ ಹತ್ತಿರ ಎಂದಿರಿ."

"ಹೌದು. ಅದೂ ಹೌದು, ಇದೂ ಹೌದು. ಕಾರ್ಖಾನೆ ಮುಚ್ಚಿತು, ಕ್ಲಬ್ ಖಲಾಸ್. ಮೈದಾನಕ್ಕೆ ಬೀಗ. ಎರಡು ವರ್ಷ ಬಿಟ್ಟು ನಾವೇ ಮತ್ತೆ ಕಟ್ಟಿದೆವು. ಹೊಸ ಹೆಸರು, ಎಲ್ಲಕ್ಕಿಂತ ಕೆಳಗಿನ ದರ್ಜೆ. ಆದರೆ ಅದೇ ಕ್ಲಬ್."

"ಹೆಸರು ಬೇರೆ, ವರ್ಷ ಬೇರೆ, ಅದೇ ಕ್ಲಬ್ ಹೇಗಾಗುತ್ತದೆ?"

ಏಸಿಯೊಳಗೆ ತಲೆ ತುರುಕಿದ್ದ ಇಬ್ರಾಹಿಂಗೆ ನಮ್ಮ ಇಂಗ್ಲಿಷು ಅರ್ಥವಾಗುತ್ತಿತ್ತು. ಅಲ್ಲಿಂದಲೇ ಕನ್ನಡದಲ್ಲಿ ಕೂಗಿದ: "ನಮ್ಮಲ್ಲಿಲ್ವಾ ಟೀಚರೇ? ನಮ್ಮ ಜಂಕ್ಷನಿನ ಫ್ರೆಂಡ್ಸ್ ಕ್ಲಬ್ ಕ್ರಿಕೆಟಿನ ಜಗಳದಲ್ಲಿ ಒಡೆದು ಎರಡಾಯ್ತು. ಈಗ ಎರಡೂ ಕಡೆಯವರು ಬೆಳ್ಳಿಹಬ್ಬ ಮಾಡ್ತಾರೆ, ಅದೂ ಒಂದೇ ದಿನ. ಮೈಕು ಎದುರುಬದುರು!"

ಅವನ ಮಾತು ಸುಳ್ಳಲ್ಲ. ಆದರೆ ಸಾಕ್ಷಿ ಹೇಳುವವನೂ ಗಂಡಸೇ ಎಂದು ಅಷ್ಟಕ್ಕೇ ಬಿಟ್ಟೆ.

ಆಗ ರಾಮೋನ್ ಮೊಬೈಲಿನಲ್ಲಿ ಒಂದು ಫೋಟೋ ತೋರಿಸಿದ. ಮಳೆ, ಕೊಡೆಗಳು, ಹಸಿರು ಕಪ್ಪು ಜನ. "ಹೋದ ವರ್ಷ ರಜೆಯಲ್ಲಿ ಹೋದಾಗ. ಮೇಲಿನ ದರ್ಜೆಗೆ ಏರುವ ಮ್ಯಾಚ್. ಎಂಥ ಮಳೆ! ನಾನು ಪೂರ್ತಿ ಒದ್ದೆ, ಕೊಡೆ ಮಾರಿಸೋಲ್ ಮೇಲೆ ಹಿಡಿದಿದ್ದೆ. ಅವಳು ಯಾವಾಗಲೂ ನನ್ನ ಎಡಗಡೆ."

ಮಾರಿಸೋಲ್ ಅವನ ಹೆಂಡತಿಯ ಹೆಸರು. ಸತ್ತು ಆರು ವರ್ಷವಾಯಿತೆಂದು ಜೆಸ್ಸಿಗೆ ಹೇಳಿದ್ದ ಹೆಂಡತಿ. ಹೋದ ವರ್ಷ ಅವಳ ಮೇಲೆ ಕೊಡೆ ಹಿಡಿದನಂತೆ!

ನನ್ನ ಕೈಯ ಚಹಾ ತಣ್ಣಗಾಯಿತು. ಮುಂದೆ ಹೇಳಲಿ ಎಂದು ತಲೆಯಾಡಿಸಿದೆ. ಕಾಪಿ ಹೊಡೆಯುವ ಮಕ್ಕಳನ್ನು ಹಿಡಿಯುವಾಗಲೂ ನಾನು ಹಾಗೆಯೇ, ಪೂರ್ತಿ ಬರೆಯಲು ಬಿಟ್ಟು ಆಮೇಲೆ ಹಿಡಿಯುವುದು. ತಂಗಿಯ ಮುಖ ನೆನಪಾಯಿತು. ಇಷ್ಟು ವರ್ಷ ಪರರ ಗಾಯ ಒರೆಸಿದವಳಿಗೆ ಇಂಥದ್ದೇ ಗಂಟುಬೀಳಬೇಕೇ?

ಧೂಳು

ಮರುದಿನ ಶುಕ್ರವಾರ. ಅಲ್ಲಿ ಶುಕ್ರವಾರವೇ ರಜೆ, ಹಾಗಾಗಿ ಇಗರ್ಜಿಯಲ್ಲಿ, ಅಂದರೆ ಚರ್ಚಿನಲ್ಲಿ, ನಮ್ಮವರ ಮುಖ್ಯ ಪೂಜೆಯೂ ಶುಕ್ರವಾರವೇ. ಸೀರೆ ಉಟ್ಟು ಸಿದ್ಧಳಾದರೆ ಕಿಟಕಿಯ ಹೊರಗೆ ಊರೇ ಇಲ್ಲ. ಕೆಂಪು ಧೂಳು. ಎದುರಿನ ಕಟ್ಟಡ ಮಾಯ, ಹಗಲಲ್ಲೇ ದೀಪ. ಬಾಗಿಲ ಸಂದಿಗೆ ಒದ್ದೆ ಟವೆಲು ತುರುಕಿದರೂ ಹಲ್ಲಿನಲ್ಲಿ ಮರಳು.

"ನಿನ್ನ ಉಸಿರಿಗೆ ಆಗ್ಲಿಕ್ಕಿಲ್ಲ ಅಕ್ಕ. ನೀನು ಮನೆಯಲ್ಲೇ ಇರು, ನಾನು ಪೂಜೆಗೆ ಹೋಗಿ ಬರ್ತೇನೆ," ಎಂದು ಮಾಸ್ಕ್ ಹಾಕಿ ಜೆಸ್ಸಿ ಹೊರಟಳು. ಅಂಥ ಧೂಳಿನಲ್ಲಿ ಇವಳಿಗೇನು ಅವಸರ ಎಂದುಕೊಂಡೆ.

ಅವಳು ಮರಳಿ ಬಂದು ಅನ್ನಕ್ಕಿಟ್ಟಾಗ ಹೇಳಿಯೇಬಿಟ್ಟೆ. "ಜೆಸ್ಸಿ, ಅವನ ಹೆಂಡತಿ ಬದುಕಿದ್ದಾಳೆ."

ಅವಳು ಈರುಳ್ಳಿ ಹೆಚ್ಚುವುದನ್ನು ನಿಲ್ಲಿಸಲಿಲ್ಲ. "ಯಾರು ಹೇಳಿದ್ದು?"

"ಅವನ ಬಾಯಿಂದಲೇ ಬಂತು. ಹೋದ ವರ್ಷ ಮ್ಯಾಚಿಗೆ ಜೊತೆಯಲ್ಲಿ ಕೂತಿದ್ದಾಳೆ."

"ನಾಳೆ ಮ್ಯಾಚುಂಟು. ಅವನ ಮನೆಯಲ್ಲಿ ಊಟ. ನೀನೇ ಕೇಳು."

ಇಷ್ಟೇ! ಅಳಲಿಲ್ಲ, ಬೆಚ್ಚಿಬೀಳಲಿಲ್ಲ. ಇವಳು ಗೊತ್ತಿದ್ದೂ ಒಪ್ಪಿದ್ದಾಳೆಯೇ ಎಂಬ ಹೊಸ ಅನುಮಾನ ಹುಟ್ಟಿತು.

ರಾಮೋನಿನ ಮನೆ

ಎರಡು ಬೀದಿ ಆಚೆ ಕಂಪೆನಿಯವರು ಕೊಟ್ಟ ಸಣ್ಣ ಫ್ಲ್ಯಾಟು. ಕೈತೊಳೆಯುವ ನೆಪದಲ್ಲಿ ಬಚ್ಚಲಿಗೆ ಹೋಗಿ ಹೆಂಗಸರ ಸಾಬೂನು, ಬಾಚಣಿಗೆ, ಪಿನ್ನು ಹುಡುಕಿದೆ. ಒಂದು ಪಿನ್ನು ಸಿಕ್ಕಿತು. ಕೈಗೆತ್ತಿ ನೋಡಿದರೆ ನನ್ನ ತಲೆಯಿಂದಲೇ ಬಿದ್ದದ್ದು.

ಅವನು ಅನ್ನಕ್ಕೆ ಮೀನು ಬೆರೆಸಿ ಏನೋ ಮಾಡಿದ್ದ. ಖಾರವಿಲ್ಲ, ಹುಳಿಯಿಲ್ಲ, ಆದರೂ ಎರಡು ಸಲ ಹಾಕಿಸಿಕೊಂಡೆ. ಲ್ಯಾಪ್‌ಟಾಪಿನಲ್ಲಿ ಮ್ಯಾಚು ಶುರುವಾಯಿತು. ಕ್ಲಬ್ಬಿಗೆ ಇರುವುದೊಂದೇ ಕ್ಯಾಮರಾ, ಎದುರು ಕಟ್ಟಡದ ತಾರಸಿಯಲ್ಲಿ. ಪಂದ್ಯ ನನಗೆ ಅರ್ಥವಾಗುವುದಿಲ್ಲ. ನಾನು ಜನರನ್ನು ನೋಡುತ್ತಿದ್ದೆ. ಒಂದು ಸಂಗತಿ ಕಣ್ಣಿಗೆ ಚುಚ್ಚಿತು. ಆಟ ನೋಡುವ ಮೆಟ್ಟಿಲುಗಳ ಎರಡು ಪಕ್ಕದಲ್ಲಿ ಜನ ಒತ್ತೊತ್ತಾಗಿ ಬಿಸಿಲಿಗೆ ಕೂತಿದ್ದಾರೆ. ನಡುವೆ ಮರದ ನೆರಳಿರುವ ಒಳ್ಳೆಯ ಜಾಗ ಬಹುಪಾಲು ಖಾಲಿ. ಖಾಲಿ ಕುರ್ಚಿಗಳಿಗೆಲ್ಲ ಹಸಿರು ಕಪ್ಪು ಶಾಲು ಕಟ್ಟಿದೆ.

"ಆ ನೆರಳಿನಲ್ಲಿ ಯಾಕೆ ಯಾರೂ ಕೂತಿಲ್ಲ?" ಎಂದು ಕೇಳಿದೆ.

"ಕೂತಿದ್ದಾರಲ್ಲ ಟೀಚರ್," ಎಂದ ರಾಮೋನ್. ಬೆರಳಿನಿಂದ ಪರದೆ ಮುಟ್ಟಿದ. "ಇವರು ಮಾರಿಸೋಲಳ ಅಪ್ಪ. ಇದು ಗೋಲ್‌ಕೀಪರ್ ಆಗಿದ್ದ ನನ್ನ ಚಿಕ್ಕಪ್ಪ. ಇದು ಮಾರಿಸೋಲ್."

ನಾನು ಜೆಸ್ಸಿಯ ಮುಖ ನೋಡಿದೆ. ಅವಳು ಪರದೆ ನೋಡುತ್ತಿದ್ದಳು. ರಾಮೋನ್ ನಿಧಾನವಾಗಿ ಹೇಳಿದ. ಕ್ಲಬ್ಬನ್ನು ಮತ್ತೆ ಕಟ್ಟುವಾಗ ಊರಿನವರೆಲ್ಲ ಸೇರಿದರಂತೆ. ಹಳೆಯ ಸದಸ್ಯರಲ್ಲಿ ಅರ್ಧ ಜನ ಆಗಲೇ ತೀರಿಹೋಗಿದ್ದರು. ಕಾರ್ಖಾನೆಯಲ್ಲಿ ಮೀನು ಸೀಳುತ್ತಿದ್ದ ಮುದುಕಿಯರು ಎದ್ದು ನಿಂತರು. ಬದುಕಿದ್ದವರನ್ನು ಮಾತ್ರ ಸೇರಿಸಿದರೆ ಇದು ನಿನ್ನೆ ಹುಟ್ಟಿದ ಕ್ಲಬ್. ಸತ್ತವರನ್ನೂ ಸೇರಿಸಿಕೊಂಡರೆ ನಮ್ಮ ಹಳೆಯ ಕ್ಲಬ್ಬೇ ಎಂದರು. ಅಂದಿನಿಂದ ಮನೆಮಂದಿ ತಮ್ಮ ಸತ್ತವರ ಸದಸ್ಯತ್ವ ಉಳಿಸಿಕೊಂಡಿದ್ದಾರೆ, ಕುರ್ಚಿಯನ್ನೂ. "ಮಾರಿಸೋಲ್ ಅವತ್ತು ಅವಳ ಅಪ್ಪನನ್ನು ಸೇರಿಸಿದಳು. ಅವಳು ಹೋದ ಮೇಲೆ ನಾನು ಅವಳನ್ನು ತೆಗೆಯಲಿಲ್ಲ. ಮಳೆ ಬಂದರೆ ಕೊಡೆ ಹಿಡಿಯುತ್ತೇನೆ. ಊರಲ್ಲಿ ಯಾರೂ ನಗುವುದಿಲ್ಲ. ಇಲ್ಲಿ ಹೇಳಿದರೆ ನಗುತ್ತಾರೆ."

ನನಗೆ ನಗು ಬರಲಿಲ್ಲ. ನವೆಂಬರಿನಲ್ಲಿ ನಮ್ಮ ಇಗರ್ಜಿಯಲ್ಲಿ ಸತ್ತವರ ಹೆಸರು ಓದುವಾಗ ಅಪ್ಪ ಅಮ್ಮನ ಹೆಸರು ಬರುವ ತನಕ ಉಸಿರು ಬಿಗಿಹಿಡಿದು ಕೂರುವವಳು ನಾನು. ಒಂದು ವರ್ಷ ಅಮ್ಮನ ಹೆಸರು ತಪ್ಪಿಹೋಗಿ ಫಾದರ್ ಜೊತೆ ಜಗಳವಾಡಿದ್ದೂ ಉಂಟು. ಸತ್ತವರನ್ನು ಬಿಟ್ಟುಕೊಡದವನ ಭಾಷೆ ನನಗೆ ತಿಳಿಯದೆ ಇರಬಾರದಿತ್ತು.

ಆದರೆ ಒಂದು ಅನುಮಾನ ಹೋದಲ್ಲಿ ಇನ್ನೊಂದು ಎದ್ದಿತು, ಮೊದಲಿನದಕ್ಕಿಂತ ಗಟ್ಟಿಯಾದದ್ದು. ನೇರ ಕೇಳಿದೆ.

"ನಿಮ್ಮ ಕೆಲಸ ಮುಗಿದು ಊರಿಗೆ ಹೋದಾಗ ನನ್ನ ತಂಗಿಯೂ ಬರಬೇಕಲ್ಲ. ನಿಮ್ಮ ಎಡಗಡೆ ಆಗಲೇ ಹೆಂಡತಿ ಇದ್ದಾಳೆ. ಇವಳು ಎಲ್ಲಿ ಕೂರಬೇಕು?"

ರಾಮೋನ್ ಲ್ಯಾಪ್‌ಟಾಪಿನ ಸದ್ದು ತಗ್ಗಿಸಿದ. ಜೆಸ್ಸಿ ತಟ್ಟೆ ಎತ್ತುತ್ತಾ ಕೊಂಕಣಿಯಲ್ಲಿ ನನಗೆ, ಆಮೇಲೆ ಇಂಗ್ಲಿಷಿನಲ್ಲಿ ಅವನಿಗೆ ಹೇಳಿದಳು:

"ನನಗೆ ಫುಟ್ಬಾಲ್ ಅಂದ್ರೆ ಆಗುವುದೇ ಇಲ್ಲ ಮಾರಾಯ್ತಿ. ಅವಳೇ ಕೂತು ನೋಡ್ಲಿ. ನಾನು ಮನೆಯಲ್ಲಿ ಕಾಲು ಚಾಚಿ ಮಲಗ್ತೇನೆ. ಇಷ್ಟು ವರ್ಷ ವಾರ್ಡಿನಲ್ಲಿ ನಿಂತು ನಿಂತು ಸಾಕಾಗಿದೆ."

ಬೂತಾಯಿಗಳು ಆ ದಿನ ಎರಡು ಗೋಲಿನಿಂದ ಸೋತರು. ರಾಮೋನಿಗೆ ಅದರ ಅರಿವೇ ಇದ್ದಂತೆ ಕಾಣಲಿಲ್ಲ.

ಅಹ್ಮದಿಯ ಇಗರ್ಜಿ

ಆ ವಾರವಿಡೀ ಹೂಂ ಎನ್ನಲೂ ಇಲ್ಲ, ಊಹೂಂ ಎನ್ನಲೂ ಇಲ್ಲ. ಇನ್ನೊಂದು ವರ್ಷ ಕಾಯಿ ಎಂದು ಹೇಳುವುದೆಂದು ಮನಸ್ಸಿನಲ್ಲೇ ತೀರ್ಮಾನಿಸಿದ್ದೆ. ಕಾರಣಗಳನ್ನು ಜೋಡಿಸಿಕೊಂಡಿದ್ದೆ: ಭಾಷೆ ಬಾರದ ಊರು, ಈ ವಯಸ್ಸು, ಸತ್ತವರಿಗೆ ನೆರಳು ಕೊಟ್ಟು ಬದುಕಿದ್ದವರನ್ನು ಬಿಸಿಲಿಗೆ ಕೂರಿಸುವ ಜನ. ನಿಜವಾದ ಕಾರಣ ನನಗೆ ಗೊತ್ತಿತ್ತು. ನಾನು ಮದುವೆಯಾದವಳಲ್ಲ. ಜೆಸ್ಸಿ ನೌಕರಿ ಬಿಟ್ಟು ಶಿರ್ವಕ್ಕೆ ಬರುತ್ತಾಳೆ, ಇಬ್ಬರೂ ಒಟ್ಟಿಗಿರುತ್ತೇವೆ ಎಂದು ಅವಳ ಕೋಣೆಗೆ ಹೊಸ ಸುಣ್ಣ ಹೊಡೆಸಿದ್ದೆ. ಅವಳು ಬಾರದೆ ಹೋದರೆ ಎಂಬುದೇ ನನ್ನ ಹೆದರಿಕೆ.

ಶುಕ್ರವಾರ ಪೂಜೆಗೆ ಹೋದೆವು. ಇಗರ್ಜಿ ತುಂಬಿ ಹೊರಗಿನ ಅಂಗಳದಲ್ಲೂ ಜನ. ಮಂಗಳೂರಿನವರು, ಗೋವಾದವರು, ಮಲಯಾಳಿಗಳು, ಫಿಲಿಪಿನೋಗಳು. ಊರಿನಲ್ಲಿ ಪೂಜೆ ಮುಗಿಯುವ ಮೊದಲೇ ಬಾಗಿಲಿಗೆ ಓಡುವ ನಮ್ಮವರು ಅಲ್ಲಿ ಕೊನೆಯ ಹಾಡಿನ ತನಕ ನಿಂತೇ ಇರುತ್ತಾರೆ. ರಾಮೋನ್ ನಮ್ಮ ಹಿಂದಿನ ಬೆಂಚಿನಲ್ಲಿದ್ದ.

ಕೊನೆಗೆ ಫಾದರ್ ಪ್ರಕಟಣೆ ಓದಲು ನಿಂತರು. ಮೊದಲು ಮಕ್ಕಳ ಧರ್ಮಶಿಕ್ಷಣದ ವಿಷಯ, ಕಾರು ನಿಲ್ಲಿಸುವ ವಿಷಯ. ಆಮೇಲೆ ಮದುವೆಗಳು; ನಮ್ಮಲ್ಲಿ ಮದುವೆಗೆ ಮೊದಲು ಮೂರು ವಾರ ಇಬ್ಬರ ಹೆಸರನ್ನೂ ಪೂಜೆಯಲ್ಲಿ ಓದಬೇಕು. ರಾಮೋನಿನ ಉದ್ದನೆಯ ಹೆಸರು ಓದಿದರು. ಅದರ ಹಿಂದೆಯೇ ನನ್ನ ತಂಗಿಯ ಹೆಸರು, ನಮ್ಮ ಅಪ್ಪ ಅಮ್ಮನ ಹೆಸರು. "ಮೂರನೆಯ ಹಾಗೂ ಕೊನೆಯ ಪ್ರಕಟಣೆ. ಈ ಮದುವೆಗೆ ಅಡ್ಡಿಯಾಗುವ ಸಂಗತಿ ಯಾರಿಗಾದರೂ ಗೊತ್ತಿದ್ದರೆ ಬಂದು ತಿಳಿಸಬೇಕು," ಎಂದರು.

ಮೂರನೆಯದು! ಅಂದರೆ ಎರಡು ಶುಕ್ರವಾರ ಆಗಲೇ ಓದಿಯಾಗಿದೆ. ಹೆಂಡತಿ ಸತ್ತದ್ದು ಹೌದೋ ಅಲ್ಲವೋ ಎಂದು ನಾನು ಬಚ್ಚಲಿನಲ್ಲಿ ಪಿನ್ನು ಹುಡುಕುತ್ತಿದ್ದಾಗ ಫಾದರ್ ಎಲ್ಲ ವಿಚಾರಿಸಿ ಮುಗಿಸಿದ್ದರು.

"ನನ್ನನ್ನು ಕೇಳ್ಲಿಕ್ಕೆ ಕರೆಸಿದ್ದಾ, ತೋರಿಸ್ಲಿಕ್ಕೆ ಕರೆಸಿದ್ದಾ?" ಎಂದು ಅವಳ ಕಿವಿಯಲ್ಲಿ ಸಿಡುಕಿದೆ.

ಜೆಸ್ಸಿ ಮುಂದೆಯೇ ನೋಡುತ್ತಿದ್ದಳು. "ಕೇಳ್ಲಿಕ್ಕೇ ಅಕ್ಕ. ಮೊದಲಿನ ಎರಡು ಇಲ್ಲಿಯವರಿಗೆ. ಮೂರನೆಯದು ನಿನಗೆ ಅಂತ ಲೆಕ್ಕ ಹಾಕಿಯೇ ಟಿಕೆಟ್ ಮಾಡಿದ್ದು. ಹೋದ ವಾರ ಧೂಳು ನೆಪಕ್ಕೆ ಸಿಕ್ಕಿತು. ಬೇಡ ಅಂತ ಇದ್ರೆ ಈಗ ಎದ್ದು ಹೋಗು, ಫಾದರಿಗೆ ಹೇಳು. ನೀನು ಹೇಳಿದ್ರೆ ನಾನು ನಿಲ್ಲಿಸ್ತೇನೆ."

ಅವಳನ್ನು ನಂಬಲಿಲ್ಲ. ಮದುವೆಯ ಸಿದ್ಧತೆಯೆಲ್ಲ ಮಾಡಿ ಮುಗಿಸಿದವಳು ನನ್ನ ಒಂದು ಮಾತಿಗೆ ನಿಲ್ಲಿಸುತ್ತಾಳೆಯೇ? ಬಾಯಿ ಉಪಚಾರ ಎಂದುಕೊಂಡು, ಏಳಲು ಮುಂದಿನ ಬೆಂಚಿಗೆ ಕೈ ಕೊಟ್ಟೆ. ಅವಳ ಕೈಯೂ ಅಲ್ಲೇ ಇತ್ತು, ನನ್ನ ಕೈ ಅದರ ಮೇಲೆ ಬಿತ್ತು.

ಎಷ್ಟೋ ಜನರ ನಾಡಿ ಹಿಡಿದ, ಯಾವ ರಕ್ತಕ್ಕೂ ಹೆದರದ ಆ ಕೈ ತಣ್ಣಗೆ ಬೆವೆತು ಬೆಂಚನ್ನು ಬಿಗಿಹಿಡಿದಿತ್ತು. ನಾನು ಎದ್ದರೆ ಅವಳು ಖಂಡಿತ ನಿಲ್ಲಿಸುತ್ತಿದ್ದಳು.

ಫಾದರ್ ಕಾಗದ ಮಡಚುವ ತನಕ ನಾನು ಆ ಕೈ ಬಿಡಲಿಲ್ಲ, ಕೂತಲ್ಲಿಂದ ಏಳಲೂ ಇಲ್ಲ.